ಸುಟ್ಟ ಗುಡ್ಡದ ಮಾರ್ಚ್ ಲಿಲಿ

ಜನವರಿ 11, ಗುರುವಾರ

ಬೆಂಕಿ ಆರಿತು. ನಾವೇ ಆರಿಸಿದೆವು ಎಂದು ಗಂಡಸರು ಹೇಳಿಕೊಂಡು ತಿರುಗುತ್ತಿದ್ದಾರೆ. ನಿಜ ಹೇಳಬೇಕೆಂದರೆ ಕೆಂಬೆನ್ನು ಗುಡ್ಡದಲ್ಲಿ ಸುಡುವುದಕ್ಕೆ ಇನ್ನೇನೂ ಉಳಿದಿರಲಿಲ್ಲ. ಕೊನೇ ಗಳಿಗೆಯಲ್ಲಿ ಗಾಳಿ ಸಮುದ್ರದ ಕಡೆ ತಿರುಗಿದ್ದರಿಂದ ನಮ್ಮೂರು ತಬೋರ್‌ದಾಲ್‌ನ ಒಂದು ಹುಲ್ಲಿನ ಮಾಡಿಗೂ ಕಿಡಿ ತಾಗಲಿಲ್ಲ. ಮನೆಗಳು ಉಳಿದವು, ಹೊಟ್ಟೆಪಾಡು ಹೋಯಿತು. ನಾನು, ರೋಸಲಿನ್, ನಮ್ಮ ತಂಡದ ಹೆಂಗಸರೆಲ್ಲ ಇಷ್ಟು ವರ್ಷ ಹೂ ಕಿತ್ತು ಪೇಟೆಗೆ ಕಳಿಸಿದ್ದು ಅದೇ ಗುಡ್ಡದಿಂದ. ಪ್ರೋಟಿಯಾ ಪೊದೆಗಳೆಲ್ಲ ಈಗ ಕರೀ ಕಡ್ಡಿಗಳಾಗಿ ನಿಂತಿವೆ.

ನಲ್ಲಿಯ ಹತ್ತಿರ ಸಿಕ್ಕಿದ ರೋಸಲಿನ್ ನನ್ನ ಮುಖ ನೋಡದೆ ಹೇಳಿದಳು, "ಜನ ಏನೇನೋ ಮಾತಾಡ್ಕೊಳ್ತಿದಾರೆ ಕಣೇ ಸಾರ್ಲೀನಾ. ಬೆಂಕಿ ಬಿದ್ದ ಮಂಗಳವಾರ ಗುಡ್ಡದ ಮೇಲೆ ಇದ್ದೋನು ನಿನ್ ಗಂಡ ಒಬ್ನೇ ಅಂತೆ. ಮಾಡಿಗೆ ಜೊಂಡು ಕೊಯ್ಯೋಕೆ ಹೋಗಿದ್ನಲ್ಲ. ಬಾಯಲ್ಲಿ ಪೈಪು ಇಲ್ದೆ ಅವನನ್ನ ಯಾರು ನೋಡಿದಾರೆ, ನೀನೇ ಹೇಳು."

ಮನೆಗೆ ಬಂದವಳೇ ಒಲೆಯ ಮೇಲಿನ ಹಲಗೆ ನೋಡಿದೆ. ಪೈಪು ಇಡುವ ಜಾಗ ಖಾಲಿ. ಕೋಟಿನ ಜೇಬುಗಳನ್ನೂ ತಡಕಿದೆ. ಇಲ್ಲ. ಗುಡ್ಡದಲ್ಲೇ ಬಿದ್ದು ಸುಟ್ಟುಹೋಗಿರಬೇಕು. ಬೆಂಕಿ ನಿನ್ನ ಪೈಪಿನಿಂದಲೇ ಬಿದ್ದದ್ದಾ ಎಂದು ಕೇಳಿಬಿಡಬೇಕು ಅನ್ನಿಸಿತು, ಕೇಳಲಿಲ್ಲ. ಹೌದು ಅಂದುಬಿಟ್ಟರೆ ಆಮೇಲೆ ಅವನ ಜೊತೆ ಬದುಕುವುದು ಹೇಗೆ?

ಆ ಮನುಷ್ಯ ಸೂಪು ಕುಡಿದು ಗೋಡೆ ಕಡೆ ತಿರುಗಿ ಮಲಗಿದ.

ಜನವರಿ 14, ಭಾನುವಾರ

ಚರ್ಚಿನಲ್ಲಿ ಗಂಡಸರ ಸಾಲಿನ ಬೆಂಚಿನಲ್ಲಿ ಅವನ ಎರಡೂ ಪಕ್ಕ ಖಾಲಿ. ಹೆಂಗಸರ ಸಾಲಿನಲ್ಲಿ ನನ್ನ ಪಕ್ಕ ಮಾತ್ರ ಒತ್ತಿಕೊಂಡು ಕೂತಿದ್ದರು. ಯಾವುದು ಹೆಚ್ಚು ನೋಯಿಸಿತು ಎಂದು ಹೇಳಲಾರೆ.

ಜನವರಿ 29, ಸೋಮವಾರ

ಸಂಜೆ ಓಮ್ ಯೆಫ್ತಾ ಬಂದರು, ಊರಿಗೆಲ್ಲ ದೊಡ್ಡಪ್ಪ. ಚರ್ಚಿನ ಕಹಳೆ ಮೇಳಕ್ಕೆ ಅವರೇ ಯಜಮಾನರು. ಕಾಫಿ ಬೇಡ ಅಂದಾಗಲೇ ನನಗೆ ಗೊತ್ತಾಯಿತು, ಒಳ್ಳೇ ಸುದ್ದಿಯಲ್ಲ. ಗೋಡೆಗೆ ತೂಗುಹಾಕಿದ್ದ ಟ್ಯೂಬಾ ನೋಡುತ್ತಲೇ ಮಾತಾಡಿದರು. ಆ ದೊಡ್ಡ ಹಿತ್ತಾಳೆ ಕಹಳೆಯನ್ನು ಅವನ ಅಜ್ಜ ಊದಿದ್ದ, ಅಪ್ಪ ಊದಿದ್ದ, ಇವನು ಮದುವೆಗೆ ಮುಂಚಿನಿಂದ ಊದುತ್ತಿದ್ದಾನೆ. ಬೆಂಕಿಯ ಹಿಂದಿನ ಭಾನುವಾರ ಚರ್ಚಿನಲ್ಲಿ ಊದಿ ತಂದು ತೂಗುಹಾಕಿದ್ದು, ಆಮೇಲೆ ಮುಟ್ಟಿಲ್ಲ.

"ನೋಡಪ್ಪ ಫಿಲಾಂಡರ್, ನಾನು ನಿನ್ನ ಮೇಲೆ ಏನೂ ಹೇಳ್ತಿಲ್ಲ. ಆದ್ರೆ ಟ್ಯೂಬಾ ಚರ್ಚಿಂದು. ಈಸ್ಟರ್ ಬೆಳಗ್ಗೆ ನೀನು ಮುಂದೆ ನಿಂತು ಊದಿದ್ರೆ ಅರ್ಧ ಊರು ಮನೇಲೇ ಕೂರತ್ತೆ. ಅದರ ಹಿಂದಿನ ವಾರ, ಗರಿಗಳ ಭಾನುವಾರದೊಳಗೆ ತಂದು ಕೊಟ್ಬಿಡು. ಪಕ್ಕದ ಊರಿನ ಆಪೋಲಿಸ್ ಬಂದು ಊದ್ತಾನೆ."

ಆ ಮನುಷ್ಯ ತಲೆಯಾಡಿಸಿದ. ಅಷ್ಟೇ! ಒಂದು ಮಾತು ಎದುರಾಡಬಾರದಿತ್ತೇ? ನಾನಾಗಿದ್ದರೆ ಹಿತ್ತಾಳೆಯನ್ನು ಯೆಫ್ತಾನ ತಲೆಗೇ ಹೊದಿಸಿ ಕಳಿಸುತ್ತಿದ್ದೆ. ಮಾತಾಡುವುದಕ್ಕೆ ಅವನ ಹತ್ತಿರ ಏನೂ ಇಲ್ಲ ಎಂದರೆ ಜನ ಹೇಳುವುದೇ ಸರಿ ಎಂದಾಯಿತಲ್ಲ. ಪಾತ್ರೆಗಳನ್ನು ಬೇಕಂತಲೇ ಸದ್ದು ಮಾಡಿ ತೊಳೆದೆ.

ಫೆಬ್ರವರಿ 7, ಬುಧವಾರ

ಇವತ್ತು ನನ್ನ ಬಾಯಿ ನನ್ನ ಕೈಮೀರಿತು.

ಈಸ್ಟರ್‌ಗೆ ಸಮಾಧಿಗಳ ಅಲಂಕಾರ ಹೇಗೆ ಎಂದು ತಾನಿ ಮಗ್ರೀಟಾ, ಊರಿಗೆಲ್ಲ ದೊಡ್ಡಮ್ಮ, ಹೆಂಗಸರ ಸಭೆ ಕರೆದಿದ್ದರು. ಪ್ರತಿ ವರ್ಷ ನಾವು ಹೂ ಕೀಳುವವರೇ ಗುಡ್ಡದಿಂದ ಹೊರೆಗಟ್ಟಲೆ ತಂದು ಸುಣ್ಣ ಬಳಿದ ಒಂದೊಂದು ಕಲ್ಲಿನ ಮೇಲೂ ಇಡುತ್ತೇವೆ. ಈ ಸಲ ಗುಡ್ಡದಲ್ಲಿ ಬೂದಿ ಬಿಟ್ಟರೆ ಬೇರೇನಿಲ್ಲ. ಪೇಟೆಯಿಂದ ಪ್ಲಾಸ್ಟಿಕ್ ಹೂ ತರಿಸೋಣ ಎಂದರು ತಾನಿ. ನನ್ನ ಅಮ್ಮನ ಸಮಾಧಿಯ ಮೇಲೆ ಪ್ಲಾಸ್ಟಿಕ್! ಎದ್ದು ನಿಂತೇಬಿಟ್ಟೆ.

"ಏನೂ ಬೇಡ. ಮಾರ್ಚ್ ಲಿಲಿ ಬರತ್ತೆ."

"ಎಲ್ಲಿಂದ ಬರತ್ತೆ?" ಎಂದರು ತಾನಿ.

"ಕೆಂಬೆನ್ನು ಗುಡ್ಡದಿಂದ. ನಾನು ಚಿಕ್ಕವಳಿದ್ದಾಗ ಒಂದ್ಸಲ ಹೀಗೇ ಬೆಂಕಿ ಬಿದ್ದಿತ್ತು. ಆ ಮಾರ್ಚಲ್ಲಿ ಕಲ್ಲುಗೋಡೆಯಿಂದ ಹಳ್ಳದವರೆಗೂ ಇಡೀ ಇಳಿಜಾರು ಗುಲಾಬಿ ಬಣ್ಣ. ಅಮ್ಮ ಕೈ ಹಿಡ್ಕೊಂಡು ಕರ್ಕೊಂಡು ಹೋಗಿ ತೋರಿಸಿದ್ಳು. ಗಡ್ಡೆಗಳು ಅಲ್ಲೇ ಇವೆ. ಪೊದೆ ಮುಚ್ಕೊಂಡಿದ್ರೆ ಹೂ ಬಿಡಲ್ಲ, ಅಷ್ಟೇ."

ಯಾರೂ ನಂಬಲಿಲ್ಲ. ಅದಕ್ಕಿಂತ ಕೆಟ್ಟದ್ದೆಂದರೆ ನಕ್ಕರು. "ಎಲೆ ಇಲ್ಲ, ಏನಿಲ್ಲ, ಬರೀ ದಂಟು, ಬರೀ ಹೂ. ಅದಕ್ಕೆ ಜನ ಬೆತ್ತಲೆ ಹೆಂಗಸರು ಅಂತಾರೆ ಕಣಮ್ಮ," ಎಂದರು ತಾನಿ. "ನಮ್ಮ ಮಾವನ ತಲೆ ಮೇಲೆ ಬೆತ್ತಲೆ ಹೆಂಗಸನ್ನ ಕೂರ್ಸೋದಾ?"

"ನಿಮ್ ಮಾವ ಬೇಡ ಅಂತಿರ್ಲಿಲ್ಲ ಬಿಡಿ ತಾನಿ," ಎಂದು ಹಿಂದಿನಿಂದ ರೋಸಲಿನ್ ಅಂದಳು. ಆ ನಗೆಯಲ್ಲಿ ನನಗೆ ಗಡುವು ಸಿಕ್ಕಿತು. ಗರಿಗಳ ಭಾನುವಾರಕ್ಕೆ ಹೂ ಕಾಣದಿದ್ದರೆ ಪ್ಲಾಸ್ಟಿಕ್ಕೇ.

ಹೊರಡುವಾಗ ತಾನಿ ಮೆಲ್ಲಗೆ ಕೇಳಿದರು, "ಗಂಡ ಸುಟ್ಟಿದ್ದನ್ನ ಹೆಂಡತಿ ಅರಳಿಸ್ತೀನಿ ಅಂತ ಹೊರಟಿದೀಯಾ?" ಶಾಲು ಹೊದ್ದು ಹೊರಬಿದ್ದೆ. ದಾರಿಯುದ್ದಕ್ಕೂ ಒಳ್ಳೊಳ್ಳೇ ಉತ್ತರಗಳು ಹೊಳೆದವು.

ರಾತ್ರಿ ಊಟಕ್ಕೆ ಕೂತಾಗ ಆ ಮನುಷ್ಯನಿಗೆ ನಡೆದದ್ದನ್ನು ಹೇಳಿದೆ. ಹೇಳಬೇಕೆಂದಲ್ಲ, ಬೇರೆ ಯಾರೂ ಇರಲಿಲ್ಲ. "ಹೂಂ," ಎಂದ.

ಫೆಬ್ರವರಿ 24, ಶನಿವಾರ

ಬಂತು! ಬಂತು! ಕಲ್ಲುಗೋಡೆಯ ಕೆಳಗೆ ಬೂದಿಯೊಳಗಿಂದ ಮೊಳಕೆಯ ಕೆಂಪು ಮೂಗುಗಳು ಎದ್ದಿವೆ. ಒಂದು ಕಡೆ ಅಲ್ಲ, ಅಲ್ಲಲ್ಲಿ ಹತ್ತಾರು. ಬೂದಿಯಲ್ಲೇ ಮೊಣಕಾಲೂರಿ ಕೂತು ಅತ್ತುಬಿಟ್ಟೆ. ವಾಪಸು ಬರುವಾಗ ಕಂಡಕಂಡವರಿಗೆಲ್ಲ ಹೇಳಿದೆ. ಮುಂದಿನ ಶನಿವಾರ ತಾನಿಯನ್ನೂ ಹಿರಿಯರನ್ನೂ ಕರೆದುಕೊಂಡು ಹೋಗಿ ತೋರಿಸುತ್ತೇನೆ. ಪ್ಲಾಸ್ಟಿಕ್ ಅಂತೆ, ಪ್ಲಾಸ್ಟಿಕ್!

ಮಾರ್ಚ್ 2, ಶನಿವಾರ

ಅವು ರಕ್ತಹೂವು.

ಮೊದಲು ನೋಡಿದ್ದು ರೋಸಲಿನ್. ಬಾಗಿ ದಂಟನ್ನು ನೋಡಿ, ನನ್ನ ತೋಳು ಹಿಡಿದು, "ಸಾರ್ಲೀನಾ, ಮಚ್ಚೆ ಇದೆ ಕಣೇ," ಎಂದಳು ಮೆಲ್ಲಗೆ. ಲಿಲಿಯ ದಂಟು ನುಣುಪು, ಮಚ್ಚೆ ಇರುವುದು ರಕ್ತಹೂವಿಗೆ. ಅಷ್ಟು ಹೊತ್ತಿಗೆ ಮೇಲಿನ ಸಾಲಿನಲ್ಲಿ ನಾಲ್ಕಾರು ಅರಳಿಯೇ ಇದ್ದವು. ಕ್ಷೌರದ ಕುಂಚವನ್ನು ರಕ್ತದಲ್ಲಿ ಅದ್ದಿ ನಿಲ್ಲಿಸಿದ ಹಾಗೆ. ಅದನ್ನು ನಮ್ಮೂರಲ್ಲಿ ಯಾರೂ ಸಮಾಧಿಯ ಮೇಲೆ ಇಡುವುದಿಲ್ಲ. ಮನೆಯೊಳಗೂ ತರುವುದಿಲ್ಲ.

ಇಷ್ಟು ವರ್ಷ ಹೂ ಕಿತ್ತವಳು ನಾನು! ಆದರೆ ಕಿತ್ತದ್ದು ಪೊದೆಯ ಹೂ. ಗಡ್ಡೆಯ ಹೂಗಳೆಲ್ಲ ಒಂದೇ ಮನೆತನ, ಮಣ್ಣಿಂದ ಮೂಗು ಎತ್ತುವಾಗ ಅಕ್ಕತಂಗಿಯರೆಲ್ಲ ಒಂದೇ ಥರ. ರಕ್ತಹೂವು, ಒಣಗಿದ ಮೇಲೆ ಚಕ್ರದ ಹಾಗೆ ಗಾಳಿಗೆ ಉರುಳಿ ಕುದುರೆಗಳನ್ನು ಹೆದರಿಸುವ ದೀಪಗುಚ್ಛ, ಹಿಂದಿನವರು ಬಾಣದ ತುದಿಗೆ ಸವರುತ್ತಿದ್ದ ವಿಷಗಡ್ಡೆ, ಮಾರ್ಚ್ ಲಿಲಿ. ನನ್ನ ಆಸೆಗೆ ಎಲ್ಲದರಲ್ಲೂ ಲಿಲಿಯೇ ಕಂಡಿತು.

ಓಮ್ ಯೆಫ್ತಾ ಟೋಪಿ ತೆಗೆದು ತಲೆ ಕೆರೆದುಕೊಂಡರು. ತಾನಿ ಮಗ್ರೀಟಾ ಮಾತ್ರ ಸುಮ್ಮನಿರಲಿಲ್ಲ. "ಗುಡ್ಡವೇ ರಕ್ತ ಕಾರಿ ಹೇಳ್ತಿದೆಯಲ್ಲಮ್ಮ. ಇನ್ನು ಬೇರೆ ಸಾಕ್ಷಿ ಯಾಕೆ?"

ಹೇಳಿದ್ದು ಯಾರ ಬಗ್ಗೆ ಎಂದು ಎಲ್ಲರಿಗೂ ಗೊತ್ತಾಯಿತು. ನಾನೇ ಅವರನ್ನು ಅಲ್ಲಿಗೆ ಕರೆದುಕೊಂಡು ಹೋಗಿ, ನಾನೇ ಅವನನ್ನು ಅವರ ಕೈಗೆ ಕೊಟ್ಟೆ. ಮನೆಗೆ ಬಂದು ಅವನಿಗೆ ಹೇಳುವ ಧೈರ್ಯವಾಗಲಿಲ್ಲ. ಆಗಲೇ ಯಾರೋ ಹೇಳಿದ್ದರು. ಒಲೆ ಹಚ್ಚಿ ಕಾಫಿ ಮಾಡಿಟ್ಟಿದ್ದ. ನನ್ನ ಲೋಟದಲ್ಲಿ ಸಕ್ಕರೆ ಹೆಚ್ಚಾಗಿತ್ತು. ಪೂರ್ತಿ ಕುಡಿದೆ.

ಮಾರ್ಚ್ 5, ಮಂಗಳವಾರ

ಗುಡ್ಡಕ್ಕೆ ಹೋಗಲಿಲ್ಲ. ಹೋಗುವುದೂ ಇಲ್ಲ.

ಮಾರ್ಚ್ 13, ಬುಧವಾರ

ಹೋದೆ.

ಕೆಳಗಿನ ಇಳಿಜಾರಿನಲ್ಲಿ, ಹಳ್ಳದ ಕಡೆ, ನುಣುಪಾದ ನೇರಳೆ ದಂಟುಗಳು. ಮಚ್ಚೆ ಇಲ್ಲ. ಬೆರಳಾಡಿಸಿ ನೋಡಿದೆ, ಎಂಜಲು ಹಚ್ಚಿ ಉಜ್ಜಿ ನೋಡಿದೆ, ಇಲ್ಲ. ತುದಿಯಲ್ಲಿ ಕೈ ಮುಗಿದಂತೆ ಮುಚ್ಚಿದ ಮೊಗ್ಗು. ಗೋಡೆಯ ತನಕ ಹತ್ತಿದೆ. ಕಾಲಿಡಲು ಜಾಗವಿಲ್ಲದಷ್ಟು ಎದ್ದಿವೆ. ಅಮ್ಮನ ಕೈಯ ಬಿಸಿ ನೆನಪಾಯಿತು.

ಯಾರಿಗೂ ಹೇಳಲಿಲ್ಲ. ಒಂದು ಸಲ ಮುಖಕ್ಕೆ ಮಸಿ ಬಳಿದುಕೊಂಡದ್ದು ಸಾಕು. ಅವನಿಗೆ ಮಾತ್ರ ಹೇಳಿದೆ. ಮಚ್ಚೆ ಇದೆಯಾ ಎಂದು ಕೇಳಿದ. ಇಲ್ಲ ಎಂದೆ. "ಹಾಗಾದ್ರೆ ಸರಿ," ಎಂದ. ಅವನ ಬಾಯಿಂದ ಇಷ್ಟುದ್ದ ಮಾತು ಕೇಳಿ ಬಹಳ ದಿನವಾಗಿತ್ತು.

ಮಾರ್ಚ್ 17, ಭಾನುವಾರ

ಬಬೂನುಗಳು ಬಂದಿವೆ, ನಾಯಿಮೂತಿಯ ಆ ದೊಡ್ಡ ಕೋತಿಗಳು. ಬೆಂಕಿಯಾದ ಮೇಲೆ ಮೇಲಿನ ಬೆಟ್ಟದಲ್ಲಿ ತಿನ್ನಲು ಏನೂ ಇಲ್ಲದೆ ಇಡೀ ಸಂಸಾರ ಇಳಿದಿದೆ. ಮೊಗ್ಗು ಕಿತ್ತು, ಕಚ್ಚಿ, ಕಹಿಯೆಂದು ಉಗಿದು, ಮತ್ತೊಂದು ಕೀಳುತ್ತವೆ. ಇದೂ ಕಹಿಯೇ ಎಂದು ಗೊತ್ತಾಗುವುದಿಲ್ಲವೇ ಮೂರ್ಖರಿಗೆ! ಗೋಡೆಯ ಕೆಳಗಿನ ಒಂದು ಪಟ್ಟಿ ಪೂರ್ತಿ ಮುರಿದು ಬಿದ್ದಿದೆ. ಕಲ್ಲು ಬೀಸಿದೆ. ಒಂದು ದೊಡ್ಡ ಗಂಡು ನನ್ನತ್ತ ತಿರುಗಿ ಹಲ್ಲು ತೋರಿಸಿತು, ಓಡಿ ಬಂದೆ.

ರೋಸಲಿನ್‌ಗೆ ಹೇಳಿದೆ. ಇಬ್ಬರೂ ಕೂತು ಯೋಚಿಸಿದೆವು. ನಾಳೆಯಿಂದ ನಮ್ಮಿಬ್ಬರಿಗೂ ಹೊರಗಿನ ತೋಟದಲ್ಲಿ ಕೂಲಿ ಇದೆ, ಬಿಟ್ಟರೆ ಊಟವಿಲ್ಲ. ಗರಿಗಳ ಭಾನುವಾರದ ಹೊತ್ತಿಗೆ ದಂಟುಗಳೇ ಉಳಿಯುತ್ತವೆ. ಬಹಳ ಹತ್ತಿರ ಬಂದಿದ್ದೆವು. ಮನೆಗೆ ಬಂದು ಅವನ ಮುಂದೆ ಅತ್ತೆ. ನಾಚಿಕೆಯಾಗಲಿಲ್ಲ.

ಮಾರ್ಚ್ 18, ಸೋಮವಾರ

ಬೆಳಗ್ಗೆ ಮಂಜಿನಲ್ಲಿ ಒಂದು ಸದ್ದು. ಹಸು ಈಯುವಾಗ ನರಳುವ ಹಾಗೆ, ಆದರೆ ಉದ್ದ. ಎಲ್ಲರೂ ಬಾಗಿಲಿಗೆ ಬಂದು ನಿಂತರು. ಹಡಗಿನ ಸದ್ದು ಎಂದರು ಕೆಲವರು, ಸಮುದ್ರ ಇಷ್ಟು ದೂರದಲ್ಲಿದ್ದರೂ. ತಾನಿ ಮಗ್ರೀಟಾ ಕಿಟಕಿ ಮುಚ್ಚಿಕೊಂಡರಂತೆ.

ಹಾಸಿಗೆ ಖಾಲಿ. ಗೋಡೆ ಖಾಲಿ.

ಮಾರ್ಚ್ 20, ಬುಧವಾರ

ಕೂಲಿಗೆ ಹೋಗಲಿಲ್ಲ. ಫ್ಲಾಸ್ಕಿನಲ್ಲಿ ಕಾಫಿ, ಕೆಂಡದಲ್ಲಿ ಸುಟ್ಟ ರೊಟ್ಟಿ ಕಟ್ಟಿಕೊಂಡು ಗುಡ್ಡಕ್ಕೆ ಹೋದೆ.

ಫಿಲಾಂಡರ್ ಇಳಿಜಾರಿನ ನಡುವೆ ಬಂಡೆಯ ಮೇಲೆ ಟ್ಯೂಬಾ ತಬ್ಬಿಕೊಂಡು ಕೂತಿದ್ದ. ಸುತ್ತಲೂ ಮೊಗ್ಗು. ಆಚೆ ಗೋಡೆಯ ಮೇಲೆ ಬಬೂನುಗಳು ಸಭೆ ಸೇರಿದಂತೆ ಸಾಲಾಗಿ ಕೂತಿದ್ದವು.

"ಸೋಮವಾರ ಒಂದೇ ಊದಿಗೆ ಓಡಿಹೋದ್ವು," ಎಂದ. "ಈಗ ರೂಢಿ ಆಗ್ತಿದೆ. ಆ ದೊಡ್ಡ ಗಂಡು ನೋಡು, ಈಸ್ಟರ್ ಹಾಡಿನ ಮೂರ್ನೇ ಚರಣ ಮುಗಿಯೋವರ್ಗೂ ಕೂತು ಕೇಳ್ತಾನೆ."

"ಮೂರ್ನೇ ಚರಣ ನೀನು ಎಳೀತೀಯ. ಪಾಪ, ಯಾವಾಗ ಮುಗಿಯತ್ತೋ ಅಂತ ಕಾಯ್ತಿರ್ಬೇಕು."

ನಕ್ಕ. ಜನವರಿಯಿಂದ ಈಚೆಗೆ ಮೊದಲ ಸಲ. ನಾನು ರೊಟ್ಟಿ ಬಿಚ್ಚಿದೆ. ಯಾಕೆ ಹೀಗೆ ಮಾಡುತ್ತಿದ್ದೀಯ, ಟ್ಯೂಬಾ ಹೇಗಿದ್ದರೂ ಭಾನುವಾರ ಕೊಡಬೇಕಲ್ಲ ಎಂದು ಕೇಳಿದೆ.

"ನೀನು ಊರಿನ ಮುಂದೆ ಮಾತು ಕೊಟ್ಟಿದೀಯಲ್ಲ," ಎಂದ, ಅದರಲ್ಲಿ ಕೇಳುವಂಥದ್ದೇನೂ ಇಲ್ಲವೆಂಬಂತೆ.

ನನ್ನ ಪಾಲಿನ ರೊಟ್ಟಿಯನ್ನೂ ಅವನ ಕೈಗಿಟ್ಟೆ. ಅಷ್ಟರಲ್ಲಿ ಬಬೂನುಗಳು ಇಳಿದವು, ಫಿಲಾಂಡರ್ ಊದಿದ, ನಾನು ಫ್ಲಾಸ್ಕಿನ ಮುಚ್ಚಳವನ್ನು ಬಂಡೆಗೆ ಬಡಿದು ಕೂಗಾಡಿದೆ. ಇಷ್ಟು ಖುಷಿಯಾಗಿ ನಾನು ಕಿರುಚಿದ್ದು ಚಿಕ್ಕಂದಿನಲ್ಲೂ ಇಲ್ಲ. ಸಂಜೆಯವರೆಗೂ ಅಲ್ಲೇ ಇದ್ದೆವು. ಫಿಲಾಂಡರ್‌ನ ತುಟಿ ಊದಿಕೊಂಡಿದೆ, ಬೆಣ್ಣೆ ಸವರಿದ್ದೇನೆ.

ಮಾರ್ಚ್ 24, ಗರಿಗಳ ಭಾನುವಾರ

ನಿಧಾನವಾಗಿ ಬರೆಯಬೇಕು, ಒಂದೂ ಬಿಡದೆ.

ಆರಾಧನೆ ಮುಗಿಯುವ ಹೊತ್ತಿಗೆ ಗಾಳಿ ಗುಡ್ಡದ ಕಡೆಯಿಂದ ತಿರುಗಿತು. ಚರ್ಚಿನ ಬಾಗಿಲು ತೆರೆದೊಡನೆ ಪರಿಮಳ ಒಳಗೆ ಬಂತು. ಯಾರು ಸೆಂಟು ಹಾಕಿದ್ದಾರೆ ಎಂದು ಹೆಂಗಸರು ಒಬ್ಬರನ್ನೊಬ್ಬರು ಮೂಸಿ ನೋಡಿದರು. ನಾನು ಮೆಟ್ಟಿಲ ಮೇಲೆ ನಿಂತು ಗಟ್ಟಿಯಾಗಿ ಹೇಳಿದೆ, "ಬೇಕಾದೋರು ನನ್ ಜೊತೆ ಬನ್ನಿ. ಬೇಡ್ದೇ ಇರೋರು ಪೇಟೆಗೆ ಹೋಗಿ ಪ್ಲಾಸ್ಟಿಕ್ ತನ್ನಿ."

ಎಲ್ಲರೂ ಬಂದರು. ಹಳ್ಳ ದಾಟಿ ತಿರುವಿಗೆ ಬಂದಾಗ ಮುಂದಿದ್ದವರು ನಿಂತುಬಿಟ್ಟರು, ಹಿಂದಿನವರು ಬಂದು ಡಿಕ್ಕಿ ಹೊಡೆದರು. ಕರೀ ನೆಲ. ಅದರ ಮೇಲೆ ಹಳ್ಳದಿಂದ ಗೋಡೆಯವರೆಗೆ ಗುಲಾಬಿ. ಒಂದೆಲೆಯೂ ಇಲ್ಲ, ಹೂವೇ ಹೂವು. ಅಮ್ಮ ತೋರಿಸಿದ್ದಕ್ಕಿಂತ ಹೆಚ್ಚು ಎಂದು ನನಗೆ ಅನ್ನಿಸಿತು. ಸುಳ್ಳಿರಬಹುದು, ಇರಲಿ.

ರೋಸಲಿನ್ ನನ್ನನ್ನು ಎತ್ತಿ ತಿರುಗಿಸಿ ಬೀಳಿಸಿದಳು. ತಾನಿ ಮಗ್ರೀಟಾ ಒಂದೊಂದೇ ಹೂವನ್ನು ಬಾಗಿ ಮೂಸುತ್ತ ನಡೆದರು. ಕೊನೆಗೆ ಕಣ್ಣೊರೆಸಿಕೊಂಡು, "ಬೆತ್ತಲೆ ಆದ್ರೂ ಲಕ್ಷಣವಾಗಿದಾರೆ," ಎಂದರು.

ನಡುವೆ ಬಂಡೆಯ ಮೇಲೆ ಫಿಲಾಂಡರ್. ಇಡೀ ಊರು ಬಂದದ್ದು ಕಂಡು ಎದ್ದು ನಿಂತ. ಹೂಗಳ ಸಂದಿಯಲ್ಲಿ ಜೋಪಾನವಾಗಿ ಕಾಲಿಡುತ್ತ ಇಳಿದು ಬಂದು ಓಮ್ ಯೆಫ್ತಾ ಮುಂದೆ ಟ್ಯೂಬಾ ಚಾಚಿದ. "ಇವತ್ತು ಕೊಡ್ಬೇಕು ಅಂದಿದ್ರಿ."

ಯೆಫ್ತಾ ಅದನ್ನು ನೋಡಿದರು, ಅವನ ಊದಿದ ತುಟಿ ನೋಡಿದರು, ಗೋಡೆಯ ಮೇಲಿನ ಬಬೂನುಗಳನ್ನು ನೋಡಿದರು. ಆ ಸದ್ದು ಯಾವುದೆಂದು ಅವರಿಗೆ ಮೊದಲ ದಿನವೇ ಗೊತ್ತಾಗಿರಬೇಕು. ಮೇಳದ ಯಜಮಾನರ ಕಿವಿ ಅಲ್ಲವೇ.

"ನಂಗ್ಯಾಕೆ ಕೊಡ್ತೀಯಯ್ಯಾ? ನಂಗೆ ಇದನ್ನ ಊದೋಕೆ ಬರತ್ತಾ? ಆಪೋಲಿಸ್‌ಗೆ ಬರ್ಬೇಡ ಅಂತ ಹೇಳ್ತೀನಿ. ಮಂಗಳವಾರ ಸಂಜೆ ಅಭ್ಯಾಸ. ಆ ಮೂರ್ನೇ ಚರಣ ಸ್ವಲ್ಪ ಸರಿ ಮಾಡ್ಕೊಂಡು ಬಾ, ಕೋತಿಗಳೂ ಆಕಳಿಸ್ತಿವೆ."

ಇಳಿಜಾರು ಪೂರ್ತಿ ನಗು. ಗಂಡಸರು ಒಬ್ಬೊಬ್ಬರಾಗಿ ಬಂದು ಅವನ ಬೆನ್ನು ತಟ್ಟಿದರು. ನನಗೆ ಎಲ್ಲರ ಮೇಲೂ ಸಿಟ್ಟಿತ್ತು. ಎಲ್ಲಿ ಹೋಯಿತೋ.

ಮಾರ್ಚ್ 30, ಶನಿವಾರ

ಬೆಳಗ್ಗೆಯಿಂದ ಹೂ ಕೊಯ್ದೆವು. ನನ್ನ ಕಟ್ಟಪ್ಪಣೆ, ಮೂರರಲ್ಲಿ ಒಂದು ಬೀಜಕ್ಕೆ ಬಿಡಬೇಕು, ಗಡ್ಡೆ ಅಲುಗಬಾರದು. ತಾನಿ ಮಗ್ರೀಟಾ ಕೂಡ ನನ್ನ ಮಾತು ಕೇಳಿದರು, ಅದೇ ಒಂದು ಸೋಜಿಗ. ಸಂಜೆಗೆ ದೇವರ ಹೊಲದ, ಅಂದರೆ ನಮ್ಮ ಸಮಾಧಿಭೂಮಿಯ, ಪ್ರತಿ ಕಲ್ಲಿಗೂ ಸುಣ್ಣ, ಪ್ರತಿ ಕಲ್ಲಿನ ಮೇಲೂ ಲಿಲಿ. ತಮ್ಮ ಮಾವನಿಗೆ ತಾನಿ ಎರಡು ಇಟ್ಟರು. ನಾನು ಕಂಡೂ ಕಾಣದವಳಂತೆ ಇದ್ದೆ.

ಸುಣ್ಣದ ಬಕೆಟ್ಟು ಎತ್ತುವಾಗ ಅವರು ಅಂದರು, "ಆ ಬೆಂಕಿ ಬೀಳ್ದೇ ಇದ್ರೆ ಇದನ್ನ ನೋಡದೇನೇ ಸಾಯ್ತಿದ್ದೆ ಕಣೇ. ಹಚ್ಚಿದೋನಿಗೆ ಒಂದು ಕೈ ಮುಗೀಬೇಕು ಅನ್ಸತ್ತೆ."

"ಯಾರು ಅಂತ ಗೊತ್ತಾದ್ರೆ ಮುಗೀರಿ ತಾನಿ. ನನ್ ಗಂಡ ಅಂತೂ ಅಲ್ಲ," ಎಂದೆ. ಬಕೆಟ್ಟಿನ ಹಿಡಿ ಕಿತ್ತುಬಂದು ನನ್ನ ಒಳ್ಳೇ ಲಂಗಕ್ಕೆಲ್ಲ ಸುಣ್ಣ ಚೆಲ್ಲಿತು. ನೆನೆಹಾಕಿದ್ದೇನೆ, ಹೋಗುವ ಹಾಗೆ ಕಾಣುವುದಿಲ್ಲ.

ಮಾರ್ಚ್ 31, ಈಸ್ಟರ್ ಭಾನುವಾರ

ಇನ್ನೂ ಕತ್ತಲಿರುವಾಗಲೇ ಮೇಳ ಬೀದಿಬೀದಿ ಸುತ್ತಿ ಊರನ್ನು ಎಬ್ಬಿಸಿತು. ಎಲ್ಲ ಕಹಳೆಗಳ ಅಡಿಯಲ್ಲಿ ಆ ದಪ್ಪ ದನಿ ಬಂದಾಗ ನಮ್ಮ ಪಿಂಗಾಣಿ ತಟ್ಟೆಗಳು ಗದಗುಟ್ಟಿದವು. ಬೇರೆ ಮನೆಗಳಲ್ಲೂ ಗದಗುಟ್ಟಿರಬೇಕು, ಗದಗುಟ್ಟಲಿ.

ದೇವರ ಹೊಲದಲ್ಲಿ ಎಲ್ಲರೂ ಪೂರ್ವಕ್ಕೆ ಮುಖ ಮಾಡಿ ನಿಂತೆವು. ಬೆಳಕು ಮೊದಲು ಸುಣ್ಣದ ಮೇಲೆ ಬಿತ್ತು, ಆಮೇಲೆ ಹೂಗಳ ಮೇಲೆ. ಅಮ್ಮನ ಕಲ್ಲಿನ ಮೇಲಿನ ಲಿಲಿ ಆಗತಾನೇ ಬಿಡಿಸಿಕೊಳ್ಳುತ್ತಿತ್ತು. ಸೂರ್ಯನ ಅಂಚು ಕಂಡೊಡನೆ ಮೇಳ ಎತ್ತಿಕೊಂಡಿತು, ಇಡೀ ಊರು ಹಾಡಿತು. ಮೂರನೇ ಚರಣವನ್ನು ಫಿಲಾಂಡರ್ ಎಳೆದ. ಯಾರೂ ಅವಸರ ಮಾಡಲಿಲ್ಲ, ಎಲ್ಲರೂ ಅವನ ಜೊತೆಗೇ ಎಳೆದರು. ಗುಡ್ಡದ ಕಡೆಯಿಂದ ದೊಡ್ಡ ಗಂಡು ಬಬೂನು ಒಂದು ಕೂಗು ಕೊಟ್ಟಿತು, ಓಮ್ ಯೆಫ್ತಾ ಕೋಲು ಬೀಸುತ್ತಲೇ ನಕ್ಕರು.

ಮನೆಗೆ ಬಂದು ಕಾಫಿ, ಬನ್ನು, ಶುಭ ಶುಕ್ರವಾರ ಮಾಡಿ ಉಳಿದ ಹುಳಿಮೀನು ತಿಂದೆವು. ಫಿಲಾಂಡರ್ ನನ್ನನ್ನೇ ನೋಡುತ್ತಿದ್ದ.

"ಇಷ್ಟು ದಿನ ಆಯ್ತು. ನೀನು ಆ ಒಂದು ಮಾತು ಕೇಳ್ಲೇ ಇಲ್ಲ."

"ಯಾವ ಮಾತು?" ಎಂದೆ. ನಿಜಕ್ಕೂ ನನಗೆ ಹೊಳೆಯಲಿಲ್ಲ.

ಅವನು ನಗಲು ಶುರುಮಾಡಿದವನು ನಿಲ್ಲಿಸಲೇ ಇಲ್ಲ, ಕಾಫಿ ನೆತ್ತಿಗೇರಿತು. ಆಮೇಲೆ ಹೇಳಿದ. ಬೆಂಕಿಯ ಹಿಂದಿನ ಭಾನುವಾರದಿಂದಲೇ ಪೈಪು ಕಾಣೆಯಾಗಿತ್ತಂತೆ. "ಎರಡು ದಿನ ಹುಡುಕ್ದೆ. ಅಷ್ಟರಲ್ಲಿ ಬೆಂಕಿ ಬಿತ್ತು. ಆಮೇಲೆ ನನ್ ಪೈಪ್ ನೋಡಿದ್ರಾ ಅಂತ ಯಾರನ್ನ ಕೇಳ್ಲಿ?"

"ಊರಿಗೆ ಹೇಳ್ಬೇಕಿತ್ತಲ್ಲ!"

"ಕೇಳಿದೋರಿಗೆ ಹೇಳ್ಬೋದು. ನನ್ನ ಯಾರೂ ಕೇಳ್ಲಿಲ್ಲ, ಎಲ್ಲರೂ ಹೇಳಿದ್ರು." ಅವತ್ತು ಸೋಮವಾರ ಗುಡ್ಡದ ಮೇಲೆ ಮೊದಲ ಸಲ ಟ್ಯೂಬಾ ಊದಿದಾಗ ಒಳಗೇನೋ ಗಡಗಡ ಅಂದಿತಂತೆ. ಬೋರಲು ಹಾಕಿ ಅಲುಗಾಡಿಸಿದರೆ ಪೈಪು ಬಿತ್ತಂತೆ. ಮೇಳ ಮುಗಿದ ಮೇಲೆ ಕೈಜಾರಿ ಅದರ ಬಾಯೊಳಗೆ ಬಿದ್ದಿದ್ದು, ಅಷ್ಟು ದಿನವೂ ನಮ್ಮ ಗೋಡೆಯ ಮೇಲೇ ಇತ್ತು.

"ಎಲ್ಲಿದೆ ಈಗ? ತೋರ್ಸು."

"ಬಂಡೆ ಮೇಲಿಟ್ಟು ಊದ್ತಿದ್ದೆ. ಆ ದೊಡ್ಡ ಗಂಡು ಎತ್ಕೊಂಡು ಹೋಯ್ತು."

ಹೊಟ್ಟೆ ಹಿಡಿದುಕೊಂಡು ನಕ್ಕೆ. ಇಂಥ ಕಥೆಯನ್ನು ಊರಿನಲ್ಲಿ ಹೇಳಿದರೆ ಯಾರು ನಂಬುತ್ತಾರೆ! ಸಾಕ್ಷಿ ಯಾವುದೋ ಕೋತಿಯ ಬಾಯಲ್ಲಿ ಬೆಟ್ಟ ಹತ್ತಿದೆ.

ಬುಧವಾರ ಪೇಟೆಗೆ ಹೋಗಬೇಕು. ಬಕೆಟ್ಟಿಗೆ ಹಿಡಿ, ನನಗೆ ಲಂಗದ ಬಟ್ಟೆ. ಫಿಲಾಂಡರ್‌ಗೆ ಒಂದು ಒಳ್ಳೇ ಪೈಪು ತರಬೇಕು. ಬೆಂಕಿಪೊಟ್ಟಣವನ್ನೂ.